ತಾಮ್ರದ ಮೇಲಿನ ಸುಳ್ಳು, ಕಾಗದದ ಮೇಲಿನ ಹೆಬ್ಬೆಟ್ಟು



ಸ್ವಲ್ಪ ಉದ್ದದ ಪೋಸ್ಟ್ ಇದು. ಟೈಮ್ ಇದ್ದಾಗ ಪೂರ್ತಿ ಓದಿ. ಅರ್ಧ ಓದಿ ಶೇರ್ ಮಾಡ್ಬೇಡಿ. ಯಾಕೆ ಹಾಗಂದೆ ಅಂತ ಕೊನೆಗೆ ಗೊತ್ತಾಗುತ್ತೆ.

ಕಳೆದ ತಿಂಗಳು ನಮ್ಮ ಕಡೆಯ ಒಬ್ಬ ಅವ್ವನ ಜೊತೆ ಜಮೀನಿನ ಕೇಸಿಗೆ ಹೋಗಿದ್ದೆ. ಅವಳ ಗಂಡನಿಗೆ ಸರ್ಕಾರದಿಂದ ಮಂಜೂರಾಗಿದ್ದ ಎರಡು ಎಕರೆ. ಯಾವುದೋ ಸಾಲಕ್ಕೆ ಅಂತ ಹೆಬ್ಬೆಟ್ಟು ಒತ್ತಿಸಿಕೊಂಡು ಹೋದೋರು, ಆಮೇಲೆ ಅದನ್ನೇ ಕ್ರಯಪತ್ರ ಅಂದ್ರು. ಅವ್ವನ ಹತ್ರ ಇರೋದು ಒಂದೇ ಒಂದು ಸಾಗುವಳಿ ಚೀಟಿ. ಅದೂ ಅರ್ಧ ಗೆದ್ದಲು ತಿಂದಿದೆ. ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ, ಸೆರಗಿನಲ್ಲಿ ಕಟ್ಟಿಕೊಂಡು ಬಂದಿದ್ದಳು. ಎದುರು ಪಾರ್ಟಿ ವಕೀಲರು ಕೇಳಿದ್ದು ಒಂದೇ ಮಾತು: "ಮೂಲ ಮಂಜೂರಾತಿ ಆದೇಶ ಎಲ್ಲಿದೆ?" ರೆಕಾರ್ಡ್ ರೂಮಿನಲ್ಲಿ ಕೇಳಿದರೆ "ಕಡತ ಲಭ್ಯವಿಲ್ಲ" ಅಂತ ಹಿಂಬರಹ ಕೊಟ್ಟು ಕಳಿಸಿದ್ದಾರೆ. ಮುಂದಿನ ತಾರೀಕು ಬಿತ್ತು.

ಹೊರಗೆ ಬಂದು ಟೀ ಕುಡಿಯುವಾಗ ಅವ್ವ ಕೇಳಿದಳು: "ಅಲ್ಲಾ ಮಗಾ, ನಮ್ ಕಾಗದ ಮಾತ್ರ ನಿಜಾನಾ ಸುಳ್ಳಾ ಅಂತ ಕೇಳ್ತಾರಲ್ಲ, ಅವ್ರ ಹತ್ರ ಇರೋ ಕಾಗದಾನ ಯಾರೂ ಕೇಳಲ್ವಾ?"

ಈ ಪ್ರಶ್ನೆ ನನ್ನ ತಲೆಯಲ್ಲಿ ಕೂತುಬಿಟ್ಟಿದೆ. ಕೇಳಿದವರು ಇದ್ದಾರೆ ಅವ್ವಾ. ಆದರೆ ತುಂಬಾ ತಡವಾಗಿ ಕೇಳಿದರು. ಆ ಕಥೆಯನ್ನೇ ಇಲ್ಲಿ ಹೇಳ್ತೀನಿ.

ಸುಮಾರು 1,400 ವರ್ಷದ ಹಿಂದಿನಿಂದ ಶುರು ಮಾಡೋಣ. ನಮ್ಮ ಇಮ್ಮಡಿ ಪುಲಕೇಶಿ ನರ್ಮದೆ ದಾಟದಂತೆ ತಡೆದ ಅಂತ ಓದಿದ್ದೀವಲ್ಲ, ಆ ಹರ್ಷವರ್ಧನನದ್ದು ಒಂದು ತಾಮ್ರಶಾಸನ ಇದೆ. ಉತ್ತರ ಪ್ರದೇಶದ ಮಧುಬನ್ ಹತ್ತಿರ ಸಿಕ್ಕಿದ್ದು. ಹರ್ಷನ ಆಳ್ವಿಕೆಯ 25ನೇ ವರ್ಷದ್ದು, ಅಂದ್ರೆ ಸುಮಾರು ಕ್ರಿ.ಶ. 631. ಅದರಲ್ಲಿ ರಾಜ ಹೇಳೋದು ಇಷ್ಟು: ಸೋಮಕುಂಡಕ ಅನ್ನೋ ಗ್ರಾಮವನ್ನು ವಾಮರಥ್ಯ ಎಂಬ ಬ್ರಾಹ್ಮಣ "ಕೂಟಶಾಸನ"ದ ಬಲದಿಂದ ಅನುಭವಿಸುತ್ತಿದ್ದ. ಅದು ಗೊತ್ತಾಗಿ ಆ ಶಾಸನವನ್ನು ಮುರಿಸಿ, ಊರನ್ನು ಕಿತ್ತುಕೊಂಡು, ಬೇರೆ ಇಬ್ಬರಿಗೆ ಕೊಟ್ಟಿದ್ದೇನೆ. ಆ ಇಬ್ಬರೂ ಬ್ರಾಹ್ಮಣರೇ, ಅದು ಬೇರೆ ಮಾತು.

ಕೂಟಶಾಸನ ಅಂದ್ರೆ ನಕಲಿ ದಾನಪತ್ರ. ಗಮನಿಸಿ, ಏಳನೇ ಶತಮಾನಕ್ಕಾಗಲೇ ಇದಕ್ಕೆ ಒಂದು ಪಾರಿಭಾಷಿಕ ಪದ ಇತ್ತು. ಎಲ್ಲೋ ಒಮ್ಮೆ ನಡೆಯೋ ಕಳ್ಳತನಕ್ಕೆ ಯಾರೂ ಪದ ಹುಟ್ಟಿಸಲ್ಲ. ಪದೇ ಪದೇ ನಡೆಯೋದಕ್ಕೆ ಮಾತ್ರ ಹೆಸರಿಡ್ತಾರೆ.

ಮನುಸ್ಮೃತಿಯಲ್ಲೂ ಇದೇ ಪದ ಇದೆ. ಒಂಬತ್ತನೇ ಅಧ್ಯಾಯದ 232ನೇ ಶ್ಲೋಕದಲ್ಲಿ ಕೂಟಶಾಸನ ಮಾಡಿದವನನ್ನು ರಾಜ ಕೊಲ್ಲಿಸಬೇಕು ಅಂತಿದೆ. ಭಾರಿ ಶಿಕ್ಷೆ ಅಲ್ವಾ? ಈಗ ಅದೇ ಪುಸ್ತಕದ ಎಂಟನೇ ಅಧ್ಯಾಯಕ್ಕೆ ಹಿಂದಕ್ಕೆ ಹೋಗಿ. 379 ಮತ್ತು 380ನೇ ಶ್ಲೋಕ. ಬ್ರಾಹ್ಮಣನಿಗೆ ಪ್ರಾಣದಂಡನೆಯ ಬದಲು ತಲೆ ಬೋಳಿಸಿದರೆ ಸಾಕು, ಅವನು ಯಾವ ಪಾಪ ಮಾಡಿದ್ದರೂ ಕೊಲ್ಲಬಾರದು, ಆಸ್ತಿ ಸಮೇತ ಊರಾಚೆ ಕಳಿಸಿದರಾಯ್ತು ಅಂತಿದೆ. ಸಂಸ್ಕೃತದಲ್ಲಿ ವಂಶಾವಳಿ ಬರೆದು, ತಿಥಿ ನಕ್ಷತ್ರ ಹಾಕಿ, ಗೋತ್ರ ಸೂತ್ರ ಸೇರಿಸಿ ರಾಜನ ಹೆಸರಲ್ಲಿ ದಾನಪತ್ರ ತಯಾರಿಸೋ ವಿದ್ಯೆ ಯಾರ ಹತ್ರ ಇತ್ತು? ಹೊಲ ಉಳೋನ ಹತ್ರ ಇತ್ತಾ? ಚಪ್ಪಲಿ ಹೊಲೆಯೋನ ಹತ್ರ ಇತ್ತಾ? ಅಪರಾಧ ಮಾಡೋ ಶಕ್ತಿ ಇದ್ದವನಿಗೆ ಶಿಕ್ಷೆ ಇಲ್ಲ, ಶಿಕ್ಷೆ ಇದ್ದವನಿಗೆ ಆ ಅಪರಾಧ ಮಾಡೋ ಅಕ್ಷರವೇ ಇಲ್ಲ. ಕಾನೂನು ಅಂದ್ರೆ ಹೀಗಿತ್ತು.

ಈಗ ನಮ್ಮ ನಾಡಿಗೆ ಬನ್ನಿ. ಶಿವಮೊಗ್ಗ ಸೀಮೆಯಲ್ಲಿ ಕೆಲವು ತಾಮ್ರಶಾಸನಗಳಿವೆ. ಗೌಜ ಅಗ್ರಹಾರದ್ದು, ಬೇಗೂರಿನದ್ದು, ಕುಪ್ಪಗಡ್ಡೆಯದ್ದು. ಇವನ್ನು ಕೊಟ್ಟ ದೊರೆ ಯಾರು ಗೊತ್ತಾ? ಜನಮೇಜಯ ಚಕ್ರವರ್ತಿ! ಅರ್ಜುನನ ಮರಿಮಗ. ಗೌಜ ಅಗ್ರಹಾರದ ಶಾಸನದ ಪ್ರಕಾರ ಸರ್ಪಯಾಗ ಮಾಡಿಸಿದ ಪುರೋಹಿತರಿಗೆ ಆತ ಕೊಟ್ಟ ಭೂದಾನ ಅದು. ಸಂಪ್ರದಾಯದ ಲೆಕ್ಕದಲ್ಲಿ ಕಲಿಯುಗದ ಆರಂಭ, ಅಂದ್ರೆ ಕ್ರಿ.ಪೂ. 3000ದ ಆಸುಪಾಸು. ನಾವು ಓದಬಲ್ಲ ಅತ್ಯಂತ ಹಳೆಯ ರಾಜಶಾಸನಗಳು ಅಶೋಕನವು, ಕ್ರಿ.ಪೂ. ಮೂರನೇ ಶತಮಾನದವು. ಅಶೋಕನಿಗಿಂತ ಎರಡೂವರೆ ಸಾವಿರ ವರ್ಷಕ್ಕೂ ಮುಂಚೆ ಮಲೆನಾಡಿನಲ್ಲಿ ತಾಮ್ರದ ಮೇಲೆ ಅಕ್ಷರ ಕೆತ್ತಿ ಜಮೀನು ಬರೆದುಕೊಟ್ಟಿದ್ದರು ಅಂತ ನಾವು ನಂಬಬೇಕು.

ಈ ಶಾಸನದಲ್ಲಿ ಒಂದು ಸೂರ್ಯಗ್ರಹಣದ ವಿವರ ಇತ್ತು. ಇಂಗ್ಲೆಂಡಿನ ರಾಜಖಗೋಳಜ್ಞರಾಗಿದ್ದ ಜಾರ್ಜ್ ಏರಿ ಅದನ್ನು ಲೆಕ್ಕ ಹಾಕಿದಾಗ ಹೊಂದಿದ್ದು ಯಾವ ದಿನಕ್ಕೆ? 1521ರ ಏಪ್ರಿಲ್ 7ಕ್ಕೆ. ಕೃಷ್ಣದೇವರಾಯನ ಕಾಲ! ನಾಲ್ಕೂವರೆ ಸಾವಿರ ವರ್ಷದ ಸುಳ್ಳನ್ನು ಒಂದು ಗ್ರಹಣ ಬಯಲು ಮಾಡಿಬಿಡ್ತು. ರಾಹು ಕೇತು ಅಂತ ನಮಗೆ ಹೆದರಿಸ್ತಿದ್ದೋರ ಕಳ್ಳ ಲೆಕ್ಕ ಸಿಕ್ಕಿಬಿದ್ದಿದ್ದೂ ಗ್ರಹಣದಿಂದಲೇ.

ಇನ್ನೊಂದು ಮಾತು. 1956ರಲ್ಲಿ ದೀಕ್ಷೆಗೆ ನಾಗಪುರವನ್ನೇ ಯಾಕೆ ಆರಿಸಿಕೊಂಡೆ ಅಂತ ಹೇಳುವಾಗ ಬಾಬಾಸಾಹೇಬರು ನಾಗರನ್ನು ನೆನೆದರು. ಬೌದ್ಧ ಧರ್ಮವನ್ನು ನಾಡಿನ ತುಂಬಾ ಹಬ್ಬಿಸಿದವರು ನಾಗರು ಅಂದರು. ಸರ್ಪಯಾಗದ ಕಥೆಯನ್ನು ಆ ಕಣ್ಣಿಂದ ಓದಿ ನೋಡಿ. ನಾಗರನ್ನು ಸುಟ್ಟಿದ್ದಕ್ಕೆ ದಕ್ಷಿಣೆಯಾಗಿ ಭೂಮಿ ಸಿಕ್ತು ಅಂತ ನಕಲಿ ಪತ್ರ ಮಾಡಿಕೊಂಡಿದ್ದಾರೆ. ಸುಳ್ಳು ಹೇಳೋಕೂ ಇವರಿಗೆ ಇಂಥದ್ದೇ ಕಥೆ ಬೇಕಾಯ್ತು.

ಇವನ್ನೆಲ್ಲ ಹಿಡಿಯೋದು ಹೇಗೆ ಅಂತ ನಮ್ಮ ಹುಡುಗರು ಕೇಳ್ತಿರ್ತಾರೆ. ಮಂತ್ರ ಏನೂ ಇಲ್ಲ. ಮೊದಲನೇದು ಲಿಪಿ. ಅಕ್ಷರದ ಆಕಾರ ಶತಮಾನದಿಂದ ಶತಮಾನಕ್ಕೆ ಬದಲಾಗುತ್ತೆ. ಐದನೇ ಶತಮಾನದ ರಾಜನ ಪತ್ರ ಹತ್ತನೇ ಶತಮಾನದ ಅಕ್ಷರದಲ್ಲಿದ್ದರೆ ಅನುಮಾನ ಬರಲೇಬೇಕು. ಎರಡನೇದು ಕಾಲ. ತಿಥಿ, ವಾರ, ನಕ್ಷತ್ರ, ಗ್ರಹಣ ಒಂದಕ್ಕೊಂದು ತಾಳೆ ಆಗಬೇಕು. ವಾರದ ಹೆಸರು ಹಾಕೋ ಪದ್ಧತಿಯೇ ನಮ್ಮಲ್ಲಿ ತಡವಾಗಿ ಬಂತು. ಗೊತ್ತಿರೋ ಹಳೆಯ ಉದಾಹರಣೆ ಮಧ್ಯಪ್ರದೇಶದ ಏರಣ್‌ನ ಕ್ರಿ.ಶ. 484ರ ಶಾಸನ. ಮೂರನೇದು ವಂಶಾವಳಿ. ಅಪ್ಪ, ಮಗ, ಬಿರುದು ಎಲ್ಲಾ ಬೇರೆ ಶಾಸನಗಳ ಜೊತೆ ಹೊಂದಬೇಕು. ನಾಲ್ಕನೇದು ಭಾಷೆ. ಮುತ್ತಜ್ಜನ ಹೆಸರಲ್ಲಿ ಕಾಗದ ಬರೆದು ಅದರಲ್ಲಿ "ಮೊಬೈಲ್" ಅನ್ನೋ ಪದ ಹಾಕಿದ ಹಾಗೆ, ನಕಲಿ ಮಾಡೋನು ಎಲ್ಲೋ ಒಂದು ಕಡೆ ತನ್ನ ಕಾಲವನ್ನು ಬಿಟ್ಟುಕೊಡ್ತಾನೆ.

ಕನ್ನಡ ಶಾಸನಗಳ ವಿಷಯದಲ್ಲಿ ಈ ಕೆಲಸವನ್ನು ಪಟ್ಟು ಹಿಡಿದು ಮಾಡಿದವರು ಜಾನ್ ಫೇತ್‌ಫುಲ್ ಫ್ಲೀಟ್. 1901ರಲ್ಲಿ ಇಂಡಿಯನ್ ಆಂಟಿಕ್ವರಿ ಪತ್ರಿಕೆಯಲ್ಲಿ ಭಾರತದ ಖೋಟಾ ಶಾಸನಗಳ ಬಗ್ಗೆ ಒಂದು ಪಟ್ಟಿಯನ್ನೇ ಪ್ರಕಟಿಸಿದರು. ಅವರಿಗೂ ನಮ್ಮ ಬೆಂಗಳೂರಲ್ಲೇ ಹುಟ್ಟಿದ ಬಿ.ಎಲ್. ರೈಸ್ ಅವರಿಗೂ ತಲಕಾಡು ಗಂಗರ ವಿಷಯದಲ್ಲಿ ದಶಕಗಟ್ಟಲೆ ಜಟಾಪಟಿ ನಡೀತು. ರೈಸ್ ಅವರು ಊರೂರು ಅಲೆದು ಸಾವಿರಾರು ಶಾಸನ ಓದಿ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳನ್ನು ಕೊಟ್ಟವರು. ಅವರ ಋಣ ನಮ್ಮ ಮೇಲಿದೆ. ಆದರೆ ಗಂಗರ ತಾಮ್ರಪಟಗಳನ್ನು ಅವರು ನಂಬಿದರು, ಫ್ಲೀಟ್ ನಂಬಲಿಲ್ಲ. ಕೊಡಗಿನ ಮರ್ಕರಾ ತಾಮ್ರಪಟ ಇದಕ್ಕೆ ಒಳ್ಳೇ ಉದಾಹರಣೆ. ಅದರಲ್ಲಿರೋ 388 ಅನ್ನೋ ಸಂಖ್ಯೆಯನ್ನು ಶಕವರ್ಷ ಅಂತ ತಗೊಂಡು ಕ್ರಿ.ಶ. 466 ಅಂತ ಎಣಿಸಿ, ಕನ್ನಡ ಪದಗಳಿರೋ ಅತಿ ಹಳೆಯ ದಾಖಲೆಗಳಲ್ಲಿ ಒಂದು ಅಂತ ಬಹಳ ಕಾಲ ಉದಾಹರಿಸ್ತಿದ್ದರು. ಫ್ಲೀಟ್ ಅದನ್ನು ಖೋಟಾ ಅಂದರು, ಶತಮಾನಗಳ ನಂತರ ತಯಾರಾದದ್ದು ಅಂದರು. ಅದು ಅಗ್ರಹಾರದ್ದಲ್ಲ, ಜಿನಾಲಯಕ್ಕೆ ಕೊಟ್ಟ ದಾನ. ಇದನ್ನು ಬೇಕಂತಲೇ ಹೇಳ್ತಿದ್ದೀನಿ. ಕೂಟಶಾಸನ ಅನ್ನೋದು ಒಂದೇ ಜಾತಿಯ ರಕ್ತದಲ್ಲಿರೋ ಗುಣ ಅಲ್ಲ. ಅಕ್ಷರ ಮತ್ತು ಅಧಿಕಾರ ಯಾರ ಕೈಯಲ್ಲಿ ಸೇರುತ್ತೋ, ಕೇಳೋರು ಯಾರೂ ಇಲ್ಲ ಅಂತ ಯಾರಿಗೆ ಧೈರ್ಯ ಬರುತ್ತೋ, ಅವರು ಮಾಡ್ತಾರೆ.

ಫ್ಲೀಟ್ ಕೂಡ ಅತಿಗೆ ಹೋದರು. ಗಂಗರ ತಾಮ್ರಪಟ ಅಂದ್ರೇನೇ ಖೋಟಾ ಅನ್ನೋ ಮಟ್ಟಕ್ಕೆ ಮುಟ್ಟಿದ್ದರು. ಆಮೇಲೆ ಪೆನುಕೊಂಡ ತಾಮ್ರಪಟ ಸಿಕ್ಕಾಗ, ಇದು ಅಸಲಿ ಅಂತ ಅವರೇ ಒಪ್ಪಿಕೊಂಡರು. ಮೊದಲಿನ ತಮ್ಮ ಮಾತನ್ನು ತಾವೇ ತಿದ್ದಿಕೊಂಡರು. ನೋಡಿ, ವಿದ್ವತ್ತು ಅಂದ್ರೆ ಇದು.

ಆದರೆ ಇದರ ನಷ್ಟ ಎಷ್ಟು ಅಂತ ಯೋಚನೆ ಮಾಡಿ. ಎರಡು ತಲೆಮಾರಿನ ವಿದ್ವಾಂಸರು ಗಂಗರ ಅಪ್ಪ ಯಾರು, ಮಗ ಯಾರು ಅಂತ ಬಿಡಿಸೋದರಲ್ಲೇ ಆಯಸ್ಸು ಕಳೆದರು. ಅಸಲಿ ಶಾಸನಕ್ಕೂ ಅನುಮಾನ ಅಂಟಿಕೊಳ್ತು. ನಕಲಿ ದಾಖಲೆ ಮಾಡೋ ದೊಡ್ಡ ಹಾನಿ ಇದೇ. ಅದು ಒಂದು ಸುಳ್ಳನ್ನು ಸೇರಿಸಿ ಸುಮ್ಮನಾಗಲ್ಲ, ಪಕ್ಕದಲ್ಲಿರೋ ನಿಜದ ಮೇಲೂ ಮಸಿ ಬಳಿಯುತ್ತೆ.

ವಿಜಯನಗರದ ಕಥೆ ಇನ್ನೂ ಸ್ವಾರಸ್ಯ. 1336ರಲ್ಲಿ ವಿದ್ಯಾರಣ್ಯರ ಆಶೀರ್ವಾದದಿಂದ ಹಕ್ಕ ಬುಕ್ಕರು ಸಾಮ್ರಾಜ್ಯ ಕಟ್ಟಿದರು, ನಾಯಿಯನ್ನು ಮೊಲ ಅಟ್ಟಿಸಿಕೊಂಡು ಬಂತು ಅಂತ ನಾವೆಲ್ಲ ಬಾಯಿಪಾಠ ಮಾಡಿದ್ದೀವಿ. 1936ರಲ್ಲಿ ಆರುನೂರು ವರ್ಷ ತುಂಬಿತು ಅಂತ ಧಾರವಾಡದಲ್ಲಿ ಸ್ಮರಣ ಸಂಪುಟವೂ ಬಂತು. ಅದಕ್ಕೆ ಏಳು ವರ್ಷ ಮುಂಚೆಯೇ, 1929ರಲ್ಲಿ, ಇತಿಹಾಸಕಾರ ಹೆನ್ರಿ ಹೆರಾಸ್ ಈ ಕಥೆಗೆ ಆಧಾರವಾದ ತಾಮ್ರಶಾಸನಗಳನ್ನು ಪರೀಕ್ಷಿಸಿ, ವಿದ್ಯಾರಣ್ಯರು ನಗರ ಕಟ್ಟಿಸಿದ ಕಥೆ 16ನೇ ಶತಮಾನದಲ್ಲಿ ಮಠದ ವಲಯದಲ್ಲಿ ಹುಟ್ಟಿದ್ದು ಅಂತ ವಾದಿಸಿದ್ದರು. ಅವರ ಎಲ್ಲಾ ಮಾತನ್ನೂ ಎಲ್ಲರೂ ಒಪ್ಪಿಲ್ಲ. ಒಪ್ಪಲೇಬೇಕು ಅಂತ ನಾನೂ ಹೇಳಲ್ಲ. ಶೃಂಗೇರಿಯಲ್ಲಿ 1346ರ ಅಸಲಿ ಶಾಸನ ಇದೆ, ಹರಿಹರ ಮತ್ತು ಅವನ ತಮ್ಮಂದಿರು ಅಲ್ಲಿಗೆ ಬಂದು ದಾನ ಕೊಟ್ಟದ್ದು ನಿಜ. ಆದರೆ ದಾನ ಕೊಟ್ಟಿದ್ದಕ್ಕೂ, ಗುರುಗಳೇ ರಾಜ್ಯ ಕೊಟ್ಟರು ಅನ್ನೋದಕ್ಕೂ ಅಜಗಜಾಂತರ. ಮೊದಲನೇದರಲ್ಲಿ ರಾಜ ದಾನಿ, ಮಠ ದಾನ ಪಡೆದದ್ದು. ಎರಡನೇದರಲ್ಲಿ ಮಠವೇ ದಾನಿ, ರಾಜ ಋಣಿ. ಸುಮ್ಮನೆ ಕಥೆ ಕಟ್ಟಿದ್ದಲ್ಲ ಅದು, ಲೆಕ್ಕದ ಪುಸ್ತಕದಲ್ಲಿ ಜಮೆ ಖರ್ಚು ಅದಲು ಬದಲು ಮಾಡಿದ್ದು. ಶಾಲೆಯ ಮಕ್ಕಳಿಗೆ ಇವತ್ತಿಗೂ ಹೇಳಿಕೊಡ್ತಿರೋದು ಯಾವುದನ್ನು ಅಂತ ನಿಮಗೇ ಗೊತ್ತು.

ಸುಳ್ಳು ದಾಖಲೆ ಯಾಕೆ ಹುಟ್ಟುತ್ತೆ? ಕೊಳ್ಳೋರು ಇರೋದಕ್ಕೆ. ಕಂಪನಿ ಸರ್ಕಾರದ ಕಾಲದಲ್ಲಿ ಫ್ರಾನ್ಸಿಸ್ ವಿಲ್ಫರ್ಡ್ ಅಂತ ಒಬ್ಬ ಅಧಿಕಾರಿ ಕಾಶಿಯಲ್ಲಿದ್ದ. ಪುರಾಣಗಳಲ್ಲಿ ಈಜಿಪ್ಟ್, ಬೈಬಲ್ ಕಥೆ ಎಲ್ಲಾ ಸಿಗಬೇಕು ಅಂತ ಅವನಿಗೆ ಹಂಬಲ. ಪಂಡಿತರಿಗೆ ಸಂಬಳ ಕೊಟ್ಟು ಹುಡುಕಿಸಿದ. ಕೇಳಿದ್ದೆಲ್ಲಾ ಸಿಕ್ಕೇ ಸಿಕ್ತು! ನೋಹ ಮತ್ತು ಅವನ ಮೂವರು ಮಕ್ಕಳ ಕಥೆಯೂ ಪದ್ಮಪುರಾಣದಲ್ಲಿ ಸಿಕ್ತು. ವಿಲಿಯಂ ಜೋನ್ಸ್ ಅಂಥ ಮಹಾವಿದ್ವಾಂಸರೇ ನಂಬಿ ಅಚ್ಚು ಹಾಕಿಸಿದರು. ಕೊನೆಗೆ ನೋಡಿದರೆ ಪಂಡಿತ ಹಸ್ತಪ್ರತಿಯಲ್ಲಿ ಹೆಸರು ಅಳಿಸಿ ಬೇರೆ ಹೆಸರು ಬರೆದಿದ್ದ, ಹೊಸ ಹಾಳೆಗಳನ್ನೇ ಸೇರಿಸಿದ್ದ. ಸಿಕ್ಕಿಬಿದ್ದಾಗ ಪ್ರಮಾಣ ಮಾಡೋಕೆ ಬೇರೆ ಬ್ರಾಹ್ಮಣರನ್ನೂ ಕರೆತಂದ. 1805ರಲ್ಲಿ ವಿಲ್ಫರ್ಡ್ ಮೋಸಹೋದೆ ಅಂತ ಅಚ್ಚಿನಲ್ಲೇ ಒಪ್ಪಿಕೊಂಡ. ಪಂಡಿತನದ್ದು ತಪ್ಪು, ಸರಿ. ಆದರೆ ಉತ್ತರವನ್ನು ಮೊದಲೇ ತೀರ್ಮಾನಿಸಿ, ಸಾಕ್ಷಿ ತನ್ನಿ ಅಂದೋನು ಯಾರು?

ಈ ಪ್ರಶ್ನೆ ನೆನಪಿಟ್ಟುಕೊಂಡು ನಮ್ಮ ಕಾಲಕ್ಕೆ ಬನ್ನಿ.

2000ನೇ ಇಸವಿಯಲ್ಲಿ ಎನ್.ಎಸ್. ರಾಜಾರಾಂ ಮತ್ತು ನಟವರ ಝಾ ಸಿಂಧೂ ಲಿಪಿ ಓದಿಬಿಟ್ಟಿದ್ದೀವಿ, ಅದು ವೇದಕಾಲದ ಸಂಸ್ಕೃತ ಅಂತ ಪುಸ್ತಕ ತಂದರು. ರಾಜಾರಾಂ ಬೆಂಗಳೂರಿನವರು. ಅದರಲ್ಲಿ ಹರಪ್ಪ ನಾಗರಿಕತೆಯ ಮುದ್ರೆ ಮೇಲೆ ಕುದುರೆ ಇದೆ ಅಂತ ಒಂದು ಚಿತ್ರ. ಕುದುರೆ ಇದ್ದರೆ ವೇದದವರೂ ಇದ್ದರು, ಆರ್ಯರು ಹೊರಗಿಂದ ಬಂದಿಲ್ಲ ಅಂತ ಸಾಧಿಸಬಹುದಲ್ಲ! ಅದೇ ವರ್ಷ ಫ್ರಂಟ್‌ಲೈನ್ ಪತ್ರಿಕೆಯಲ್ಲಿ ಮೈಕೆಲ್ ವಿಟ್ಜೆಲ್ ಮತ್ತು ಸ್ಟೀವ್ ಫಾರ್ಮರ್ ಮೂಲ ಚಿತ್ರ ಹುಡುಕಿ ಪಕ್ಕದಲ್ಲಿಟ್ಟು ತೋರಿಸಿದರು. ಅದು ಮುರಿದ ಮುದ್ರೆ. ಒಂಟಿ ಕೊಂಬಿನ ಗೂಳಿಯ ಹಿಂಭಾಗ ಅಷ್ಟೇ ಉಳಿದಿದೆ. ಮುಂಭಾಗ ಮುರಿದುಹೋದ ಜಾಗದಲ್ಲಿ, ಕಂಪ್ಯೂಟರಿನಲ್ಲಿ ತಿದ್ದಿದ ಚಿತ್ರದೊಳಗೆ, ಕುದುರೆ ಹುಟ್ಟಿಕೊಂಡಿತ್ತು.

ನಮ್ಮ ಆನೇಕಲ್ಲಿನ ಸುಬ್ಬರಾಯ ಶಾಸ್ತ್ರಿಗಳು ಹೇಳಿ ಬರೆಸಿದ "ವೈಮಾನಿಕ ಶಾಸ್ತ್ರ" ಗೊತ್ತಲ್ಲ, ಭರದ್ವಾಜ ಮುನಿಯ ವಿಮಾನ ವಿದ್ಯೆ ಅಂತಾರೆ. 1974ರಲ್ಲೇ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ವಿಜ್ಞಾನಿಗಳು ಪರೀಕ್ಷಿಸಿ, ಇದು 1904ಕ್ಕಿಂತ ಹಳೆಯದಲ್ಲ, ಇಲ್ಲಿ ಹೇಳಿರೋ ವಿಮಾನಗಳು ಹಾರೋಕೆ ಸಾಧ್ಯವೇ ಇಲ್ಲ ಅಂತ ಬರೆದರು. ಆದರೂ 2015ರಲ್ಲಿ ಮುಂಬೈನಲ್ಲಿ ನಡೆದ ವಿಜ್ಞಾನ ಕಾಂಗ್ರೆಸ್ಸಿನಲ್ಲಿ ಅದರ ಮೇಲೆ ಭಾಷಣ ಆಯ್ತು. ಬಯಲಾಗಿ ನಲವತ್ತು ವರ್ಷ ಆದಮೇಲೂ!

2023ರ ಮಾರ್ಚ್ ಮರೆತಿಲ್ಲ ತಾನೇ? ಉರಿಗೌಡ, ನಂಜೇಗೌಡ. ಟಿಪ್ಪುವನ್ನು ಕೊಂದವರು ಇವರೇ ಅಂತ. ಮಂಡ್ಯದಲ್ಲಿ ಪ್ರಧಾನಿ ಬರೋ ದಾರಿಗೆ ಮಹಾದ್ವಾರವೇ ಎದ್ದುನಿಂತಿತ್ತು. ಸಿನಿಮಾ ಮಾಡ್ತೀವಿ ಅಂದರು. ಕೊನೆಗೆ ಆದಿಚುಂಚನಗಿರಿಯ ಸ್ವಾಮೀಜಿ ಕರೆಸಿ ಮಾತಾಡಿದ ಮೇಲೆ ಸಿನಿಮಾ ಕೈಬಿಟ್ಟರು. ಇಲ್ಲಿ ತಾಮ್ರಪಟ ಖೋಟಾ ಮಾಡೋ ಶ್ರಮವನ್ನೂ ಯಾರೂ ತಗೊಳ್ಳಲಿಲ್ಲ. ದ್ವಾರದ ಫ್ಲೆಕ್ಸೇ ಶಾಸನ ಆಯ್ತು.

"ಸರಿ ಅಣ್ಣಾ, ಹಳೇ ರಾಜರ ಕಥೆ ಸುಳ್ಳಾದರೆ ನಮಗೇನು?" ಅಂತ ಕೇಳೋ ತಮ್ಮಂದಿರು ಇದ್ದಾರೆ. ಹೇಳ್ತೀನಿ ಕೇಳಿ.

ಹಳೇ ದಾನಶಾಸನಗಳಲ್ಲಿ ಎರಡು ಮಾತು ಸಾಮಾನ್ಯ. ಒಂದು, ಈ ದಾನ "ಆಚಂದ್ರಾರ್ಕ", ಸೂರ್ಯ ಚಂದ್ರ ಇರೋವರೆಗೂ. ಎರಡು, ಇದನ್ನು ಕಿತ್ತುಕೊಂಡವನು ಅರವತ್ತು ಸಾವಿರ ವರ್ಷ ಮಲದಲ್ಲಿ ಹುಳುವಾಗಿ ಹುಟ್ಟುತ್ತಾನೆ. ಆ ಊರುಗಳಲ್ಲಿ ಹೊಲಗೇರಿ ಇರಲಿಲ್ಲವಾ? ಉತ್ತವರು, ಕೆರೆ ಕಟ್ಟಿದವರು, ಸತ್ತ ದನ ಹೊತ್ತವರು ಇರಲಿಲ್ಲವಾ? ಇದ್ದರು. ಊರನ್ನು ಯಾರಿಗೆ ಕೊಟ್ಟರು ಅಂತ ಬರೆಯುವಾಗ ಅವರನ್ನು ಯಾರೂ ಕೇಳಲಿಲ್ಲ. ಗಡಿ ಹೇಳುವಾಗ ಹುಣಸೆ ಮರಕ್ಕೂ ಹುತ್ತಕ್ಕೂ ಲೆಕ್ಕ ಇತ್ತು, ಅವರಿಗೆ ಇರಲಿಲ್ಲ.

ಈಗ ನಮ್ಮ ದಾಖಲೆಗೆ ಬನ್ನಿ. ತೋಟಿ, ತಳವಾರ, ನೀರಗಂಟಿ ಕೆಲಸಕ್ಕೆ ಸಿಕ್ಕ ಇನಾಂ ಜಮೀನು, ದರಖಾಸ್ತಿನಲ್ಲಿ ಸಿಕ್ಕ ಎಕರೆ ಎರಡೆಕರೆ. ಬರೆಯೋರು ಶಾನುಭೋಗರು, ಒತ್ತೋರು ನಾವು. ಈ ಮೋಸ ಗೊತ್ತಿದ್ದೇ 1978ರಲ್ಲಿ ಪಿಟಿಸಿಎಲ್ ಕಾಯ್ದೆ ಬಂತು. ಪರಿಶಿಷ್ಟರಿಗೆ ಮಂಜೂರಾದ ಜಮೀನು ಷರತ್ತು ಮೀರಿ ಪರಭಾರೆ ಆದರೆ ಅದು ಅಸಿಂಧು, ವಾಪಸ್ ಕೊಡಿಸಬೇಕು. 1984ರಲ್ಲಿ ಸುಪ್ರೀಂ ಕೋರ್ಟ್ ಮಂಚೇಗೌಡ ಪ್ರಕರಣದಲ್ಲಿ ಈ ಕಾಯ್ದೆಯನ್ನು ಎತ್ತಿಹಿಡಿಯಿತು. ಆದರೆ 2017ರಲ್ಲಿ ಅದೇ ಕೋರ್ಟು, ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ, ಬಹಳ ತಡವಾಗಿ ಅರ್ಜಿ ಹಾಕಿದ್ದೀರಿ ಅಂದಿತು. ಆಮೇಲೆ ಎಷ್ಟೋ ಅರ್ಜಿಗಳು "ತಡ" ಅನ್ನೋ ಒಂದೇ ಪದಕ್ಕೆ ಬಿದ್ದುಹೋದವು. ನಮ್ಮವರು ತಿಂಗಳುಗಟ್ಟಲೆ ಧರಣಿ ಕೂತ ಮೇಲೆ 2023ರಲ್ಲಿ ತಿದ್ದುಪಡಿ ಬಂತು, ಕಾಲಮಿತಿ ಅನ್ವಯಿಸಲ್ಲ ಅಂತ.

ಅವರ ದಾಖಲೆ ಸೂರ್ಯ ಚಂದ್ರ ಇರೋವರೆಗೆ. ನಮ್ಮ ದಾಖಲೆಗೆ ಲಿಮಿಟೇಷನ್. ಜನಮೇಜಯನ ಪತ್ರ ಪ್ರಶ್ನೆಗೆ ಒಳಗಾಗೋಕೆ 19ನೇ ಶತಮಾನ ಬರಬೇಕಾಯ್ತು. ಅವ್ವನ ಸಾಗುವಳಿ ಚೀಟಿ ಮೊದಲನೇ ದಿನವೇ ಪ್ರಶ್ನೆಗೆ ಒಳಗಾಯ್ತು. ಇತಿಹಾಸದ ವಿಷಯ ಅಂತ ಸುಮ್ಮನಿರೋಕೆ ನಮಗೆ ಆಗಲ್ಲ, ಯಾಕಂದ್ರೆ ಯಾರ ಕಾಗದವನ್ನು ಅನುಮಾನಿಸಬೇಕು ಅನ್ನೋ ಅಭ್ಯಾಸ ಈ ನಾಡಿಗೆ ಬಂದಿದ್ದೇ ಅಲ್ಲಿಂದ.

ಈಗ ಕಹಿ ಮಾತು. ನನಗೂ ಸೇರಿಸಿ ಹೇಳ್ತಿದ್ದೀನಿ.

ಕೆಲವು ವರ್ಷದ ಹಿಂದೆ ನಾನೇ ಒಂದು ಪೋಸ್ಟ್ ಹಾಕಿದ್ದೆ. ಕೊಲಂಬಿಯಾ ವಿಶ್ವವಿದ್ಯಾಲಯ ಜಗತ್ತಿನ ನೂರು ವಿದ್ವಾಂಸರ ಪಟ್ಟಿ ಮಾಡಿದೆ, ಅದರಲ್ಲಿ ಬಾಬಾಸಾಹೇಬರೇ ನಂಬರ್ ಒನ್ ಅಂತ. ಸಾವಿರಾರು ಜನ ಶೇರ್ ಮಾಡಿದರು. ಒಬ್ಬ ಕಾಲೇಜು ಹುಡುಗಿ ಮೆಸೇಜ್ ಮಾಡಿ "ಸರ್, ಆ ಪಟ್ಟಿ ಎಲ್ಲಿದೆ?" ಅಂತ ಕೇಳಿದಳು. ಹುಡುಕಿದೆ. ಅಂಥ ಪಟ್ಟಿ ಸಿಗಲಿಲ್ಲ. ಸಿಕ್ಕಿದ್ದು ಬೇರೆ. ಆ ವಿಶ್ವವಿದ್ಯಾಲಯ 2004ರಲ್ಲಿ 250 ವರ್ಷ ಪೂರೈಸಿದಾಗ, ತನ್ನಲ್ಲಿದ್ದ ಮಹನೀಯರನ್ನು ಹೆಸರಿಸಿತ್ತು, ಅದರಲ್ಲಿ ಬಾಬಾಸಾಹೇಬರೂ ಇದ್ದರು. ಒಂದನೇ ಸ್ಥಾನ, ಎರಡನೇ ಸ್ಥಾನ ಅಂತ ಏನೂ ಇರಲಿಲ್ಲ. ನಿಜವೇ ಹೆಮ್ಮೆ ಪಡುವಂತಿತ್ತು. ನಾವು ಅದಕ್ಕೆ ಒಂದು ಸುಳ್ಳು ಅಂಟಿಸಿ ನಿಜವನ್ನೇ ಸಣ್ಣದು ಮಾಡಿದ್ವಿ. ಪೋಸ್ಟ್ ಅಳಿಸಿದೆ, ಕ್ಷಮೆ ಕೇಳಿದೆ. ಕೆಲವರು ಬೈದರು: "ಅವರು ಸಾವಿರ ವರ್ಷ ಸುಳ್ಳು ಹೇಳಿದ್ದಾರೆ, ನಾವು ಒಂದು ಹೇಳಿದರೆ ತಪ್ಪೇನು?"

ತಪ್ಪಿದೆ. ಅವರಿಗೆ ಸುಳ್ಳು ದಕ್ಕುತ್ತೆ, ನಮಗೆ ದಕ್ಕಲ್ಲ. ಅವರ ಸುಳ್ಳು ಬಯಲಾದರೆ "ನಂಬಿಕೆಯ ವಿಷಯ" ಅಂತಾರೆ, ಪಠ್ಯಪುಸ್ತಕದಲ್ಲಿ ಹಾಗೇ ಉಳಿಯುತ್ತೆ. ನಮ್ಮದೊಂದು ಸುಳ್ಳು ಬಯಲಾದರೆ, ನಮ್ಮ ನೂರು ನಿಜವೂ ಅನುಮಾನದ ಕಟಕಟೆಗೆ ಹೋಗುತ್ತೆ. ಮರ್ಕರಾ ತಾಮ್ರಪಟದ ಕಥೆ ನೆನಪಿಸಿಕೊಳ್ಳಿ. ಒಂದು ಖೋಟಾ, ಪಕ್ಕದ ಅಸಲಿಯನ್ನೂ ಕೊಂದುಹಾಕುತ್ತೆ.

ಬಾಬಾಸಾಹೇಬರು ನಮಗೆ ಕಲಿಸಿದ್ದೂ ಇದನ್ನೇ. 1946ರ "ಶೂದ್ರರು ಯಾರು?" ಪುಸ್ತಕದಲ್ಲಿ ಪುರುಷಸೂಕ್ತವನ್ನು ಅವರು ಬೈದು ಬಿಡಲಿಲ್ಲ. ಋಗ್ವೇದದ ಬೇರೆ ಭಾಗಗಳ ಜೊತೆ ಇಟ್ಟು ನೋಡಿದರು, ಬೇರೆ ಸೃಷ್ಟಿ ಕಥೆಗಳ ಜೊತೆ ಹೋಲಿಸಿದರು, ವಿದ್ವಾಂಸರು ಭಾಷೆಯ ಬಗ್ಗೆ ಹೇಳಿದ್ದನ್ನು ತೂಗಿದರು, ಆಮೇಲೆ ಇದು ನಂತರ ಸೇರಿಸಿದ್ದು ಅಂತ ವಾದಿಸಿದರು. ಒಬ್ಬ ಶಾಸನತಜ್ಞ ಮಾಡೋ ಕೆಲಸ ಅದು.

ಮಹಾಡ್ ಚವದಾರ್ ಕೆರೆಯ ಕೇಸು ಇನ್ನೂ ದೊಡ್ಡ ಪಾಠ. 1927ರ ಮಾರ್ಚಿನಲ್ಲಿ ನೀರು ಮುಟ್ಟಿದ್ದು ನಮಗೆಲ್ಲಾ ಗೊತ್ತು. ಆಮೇಲಿನ ಹತ್ತು ವರ್ಷ ಎಷ್ಟು ಜನಕ್ಕೆ ಗೊತ್ತು? ಕೆರೆ ನಮ್ಮ ಖಾಸಗಿ ಸ್ವತ್ತು, ಅಸ್ಪೃಶ್ಯರು ಮುಟ್ಟಬಾರದು ಅನ್ನೋದು ಅನಾದಿ ಕಾಲದ ಪದ್ಧತಿ ಅಂತ ಸವರ್ಣೀಯರು ದಾವಾ ಹಾಕಿದರು. "ಅನಾದಿ ಕಾಲ"! ಇದೂ ಒಂದು ಕೂಟಶಾಸನವೇ, ತಾಮ್ರ ಇಲ್ಲದ್ದು ಅಷ್ಟೇ. ಬಾಬಾಸಾಹೇಬರು ಕೆಳಗಿನ ಕೋರ್ಟಿನಿಂದ ಮೇಲಿನ ಕೋರ್ಟಿನವರೆಗೆ ಸಾಕ್ಷ್ಯದ ಮೇಲೆ ಸಾಕ್ಷ್ಯ ಇಟ್ಟು ವಾದಿಸಿದರು. ಕೆರೆ ಪುರಸಭೆಯದ್ದು ಅಂತ ಸಾಬೀತಾಯ್ತು. 1937ರ ಮಾರ್ಚ್ 17ರಂದು ಬಾಂಬೆ ಹೈಕೋರ್ಟ್, ಆ ಪದ್ಧತಿ ಅನಾದಿಯದ್ದು ಅನ್ನೋದಕ್ಕೆ ಪುರಾವೆ ಇಲ್ಲ ಅಂತ ತೀರ್ಪು ಕೊಟ್ಟಿತು. ನೀರು ಮುಟ್ಟೋಕೆ ಒಂದು ದಿನ ಸಾಕಾಯ್ತು, ಅವರ ದಾಖಲೆ ಸುಳ್ಳು ಅಂತ ತೋರಿಸೋಕೆ ಹತ್ತು ವರ್ಷ ಬೇಕಾಯ್ತು. ಅವರು ಎರಡನ್ನೂ ಮಾಡಿದರು.

ಹಾಗಾಗಿ ನಮ್ಮ ಹುಡುಗ ಹುಡುಗಿಯರಿಗೆ ನನ್ನ ಮನವಿ ಇಷ್ಟೇ.

ಶಾಸನ ಓದೋದು ಕಲಿಯಿರಿ. ಹಳಗನ್ನಡ ಕಲಿಯಿರಿ. ನಮ್ಮ ವಿಶ್ವವಿದ್ಯಾಲಯಗಳಲ್ಲಿ ಶಾಸನಶಾಸ್ತ್ರದ ಕೋರ್ಸುಗಳಿವೆ, ಸೀಟು ಖಾಲಿ ಬಿಡಬೇಡಿ. ಕೆಲಸ ಸಿಗುತ್ತಾ ಅಂತ ಕೇಳ್ತೀರಿ, ಸರಿಯಾದ ಪ್ರಶ್ನೆ. ಎಲ್ಲರಿಗೂ ಸಿಗಲ್ಲ. ಆದರೆ ಪ್ರತಿ ಜಿಲ್ಲೆಗೆ ನಮ್ಮವರು ಒಬ್ಬರಾದರೂ ಓದಬಲ್ಲವರು ಇದ್ದರೆ, ಊರ ಹೊರಗಿನ ವೀರಗಲ್ಲಿನ ಮೇಲೆ ಯಾರ ಹೆಸರಿದೆ ಅಂತ ನಾವೇ ನೋಡಬಹುದು. ಅವರು ಓದಿ ಹೇಳೋವರೆಗೂ ಕಾಯಬೇಕಿಲ್ಲ.

ಮನೆಯಲ್ಲಿರೋ ಕಾಗದಗಳನ್ನು ಫೋಟೋ ತೆಗೆದು ಇಡಿ. ಸಾಗುವಳಿ ಚೀಟಿ, ಹಳೇ ಪಹಣಿ, ಕಂದಾಯದ ರಸೀದಿ, ಅಜ್ಜನ ಶಾಲೆಯ ದಾಖಲಾತಿ. ದೃಢೀಕೃತ ನಕಲು ಈಗಲೇ ತಗೊಳ್ಳಿ. "ಕಡತ ಲಭ್ಯವಿಲ್ಲ" ಅಂದರೆ ಅದನ್ನೂ ಲಿಖಿತವಾಗಿ ತಗೊಳ್ಳಿ. ನಾಳೆ ಅದೇ ಸಾಕ್ಷಿ.

ಮೂಲ ಗೊತ್ತಿಲ್ಲದ ಫಾರ್ವರ್ಡನ್ನು, ಅದು ಬಾಬಾಸಾಹೇಬರನ್ನು ಹೊಗಳಿದ್ದರೂ ಸರಿ, ಮುಂದಕ್ಕೆ ಕಳಿಸಬೇಡಿ. ಈ ಪೋಸ್ಟಿನಲ್ಲಿ ನಾನು ಹೇಳಿರೋದನ್ನೂ ಹಾಗೇ ನಂಬಬೇಡಿ. ಹುಡುಕಿ, ತಾಳೆ ನೋಡಿ. ತಪ್ಪಿದ್ದರೆ ಕಾಮೆಂಟಿನಲ್ಲೇ ಹೇಳಿ, ತಿದ್ದುತ್ತೀನಿ.

ಅವ್ವನ ಕೇಸಿಗೆ ಮುಂದಿನ ತಾರೀಕು ಬರೋ ವಾರ ಇದೆ. ಈ ಸಲ ನಾವು ಎದುರು ಪಾರ್ಟಿಯ ಕ್ರಯಪತ್ರದ ಅಸಲನ್ನೇ ಹಾಜರುಪಡಿಸಿ ಅಂತ ಅರ್ಜಿ ಹಾಕ್ತಿದ್ದೀವಿ. ಸ್ಟಾಂಪ್ ಪೇಪರಿನ ದಿನಾಂಕ, ಬರೆದವರ ಹೆಸರು, ಸಾಕ್ಷಿಗಳು, ಆ ಹೆಬ್ಬೆಟ್ಟು, ಒಂದೊಂದೂ ಪರೀಕ್ಷೆ ಆಗಲಿ. ಫೋನ್ ಮಾಡಿ ಹೇಳಿದಾಗ ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ಅಂದಳು: "ಹಂಗಾರೆ ಈ ಸಲ ನಾವ್ ಕೇಳ್ತೀವಿ ಅನ್ನು."

ಹೂಂ ಅವ್ವಾ. ಈ ಸಲ ನಾವು ಕೇಳ್ತೀವಿ.

ಜೈ ಭೀಮ್.